ಜನರೇಟರ್ ಬರಲಿಲ್ಲ, ಹೊಳಿ ಬಂತು

ರೊಕ್ಕ ಕಡಿಮೆ ಇದ್ದಷ್ಟೂ ಸಿನಿಮಾದವನ ತಲೆ ಚುರುಕಾಗುತ್ತದೆ ಎಂಬ ಮಾತನ್ನು ಈಚೆಗೆ ಎಲ್ಲರ ಬಾಯಲ್ಲೂ ಕೇಳುತ್ತಿದ್ದೇನೆ. ಕೊಲ್ಹಾರದ ಹಿನ್ನೀರಿನ ದಂಡೆಯ ಮೇಲೆ 25 ನಿಮಿಷದ ಕಿರುಚಿತ್ರವೊಂದನ್ನು ಮಾಡಿ ಮುಗಿಸಿರುವ ನನಗೆ ಆ ಮಾತು ಅರ್ಧ ಮಾತ್ರ ಒಪ್ಪಿಗೆ. ಮೊದಲೇ ಗೊತ್ತಿರುವ ಬಡತನ ಬೇರೆ, ಯಾರೋ ಮಾತು ತಪ್ಪಿದ್ದರಿಂದ ನಡುರಾತ್ರಿ ತಲೆಯ ಮೇಲೆ ಬೀಳುವ ಬಡತನ ಬೇರೆ. ಮೊದಲನೆಯದು ದಾರಿ ತೋರಿಸುತ್ತದೆ. ಎರಡನೆಯದು ನಂಬಿ ಬಂದ ಜನರನ್ನು ದಣಿಸುತ್ತದೆ. ನಾನು ಎರಡನ್ನೂ ಕಂಡಿದ್ದೇನೆ.

ನಮ್ಮದು ಮುಳುಗಡೆಯ ಕಥೆ. ಕೃಷ್ಣೆಯ ಈ ದಂಡೆಯವರಿಗೆ ಅದನ್ನು ಬಿಡಿಸಿ ಹೇಳಬೇಕಿಲ್ಲ. ಆಲಮಟ್ಟಿ ಅಣೆಕಟ್ಟಿಗೆ 1964ರಲ್ಲಿ ಅಡಿಗಲ್ಲು ಬಿತ್ತು; ಅಲ್ಲಿ ನೀರು 519.60 ಮೀಟರ್‌ವರೆಗೆ ನಿಲ್ಲುವ ಹೊತ್ತಿಗೆ ಜನ ಹಳೇ ಕೊಲ್ಹಾರ ಬಿಟ್ಟು ಹೊಸ ಊರಿಗೆ ಬಂದಿದ್ದರು. ಚಿತ್ರದ ಮುದುಕಿ ಗಡಿಗೆ ಮೊಸರು ಮಾರುವವಳು. ಬೇಸಿಗೆಯಲ್ಲಿ ಹಿನ್ನೀರು ಇಳಿದಾಗ ತನ್ನ ಮನೆಯ ಬುನಾದಿ ಹುಡುಕಿಕೊಂಡು ಹೋಗುತ್ತಾಳೆ. ಮುಳುಗಡೆಯ ಮೇಲೆ ಕನ್ನಡದಲ್ಲಿ ದೊಡ್ಡ ಚಿತ್ರ ಆಗಲೇ ಬಂದಿದೆ: ನಾ. ಡಿಸೋಜರ ಕಥೆ ಇಟ್ಟುಕೊಂಡು ಗಿರೀಶ ಕಾಸರವಳ್ಳಿ ಮಾಡಿದ ‘ದ್ವೀಪ’, 2001ನೇ ಸಾಲಿನ ಸ್ವರ್ಣಕಮಲ ಪಡೆದದ್ದು. ಅದು ಮಲೆನಾಡಿನ ಮಳೆಯ ಚಿತ್ರ. ನಮ್ಮಲ್ಲಿ ಹಾಗಲ್ಲ. ಮಹಾರಾಷ್ಟ್ರದ ಘಟ್ಟದಲ್ಲಿ ಮಳೆ ಸುರಿದರೆ ಸಾಕು, ಇಲ್ಲಿ ಒಂದು ಹನಿ ಬೀಳದಿದ್ದರೂ ಒಣ ಬಿಸಿಲಿನಲ್ಲೇ ಹೊಳೆ ಏರುತ್ತದೆ. ಅದನ್ನು ತೆರೆಯ ಮೇಲೆ ತರಬೇಕೆಂದು ನಾನು ಹಟ ಹಿಡಿದಿದ್ದೆ.

ಕೈಯಲ್ಲಿ ಒಂದು ಲಕ್ಷವೂ ಇರಲಿಲ್ಲ. ಹಾಗಾಗಿ ಚಿತ್ರಕಥೆ ಬರೆಯುವ ಮೊದಲು ಪುಕ್ಕಟೆ ಸಿಗುವುದರ ಪಟ್ಟಿ ಬರೆದೆ: ಹೊಳೆ, ಮೀನುಗಾರರ ದೋಣಿ, ಎರಡು ಚಕ್ಕಡಿ, ಮಣ್ಣಿನ ಗಡಿಗೆಗಳು, ಮನೆಮನೆಯ ಕೌದಿ, ಅವ್ವನ ರೊಟ್ಟಿ. ಪಟ್ಟಿಯಲ್ಲಿ ಇಲ್ಲದ್ದು ಕಥೆಯಲ್ಲೂ ಬೇಡ ಎಂದು ಗೆರೆ ಎಳೆದೆ. ಇದು ನನ್ನ ಶೋಧವಲ್ಲ. ಅಮೆರಿಕದ ರಾಬರ್ಟ್ ರಾಡ್ರಿಗಸ್ 1992ರ ‘ಎಲ್ ಮರಿಯಾಚಿ’ಯನ್ನು ಸುಮಾರು 7,000 ಡಾಲರಿನಲ್ಲಿ ಮಾಡಿದ್ದು ಹೀಗೆಯೇ, ತನ್ನ ಬಳಿ ಇದ್ದ ಗಿಟಾರ್ ಪೆಟ್ಟಿಗೆ, ಸಿಗಬಹುದಾದ ಬಸ್ಸು, ಒಂದು ಆಮೆ, ಇಂಥವನ್ನೇ ಕಥೆಯೊಳಗೆ ತಂದುಕೊಂಡ.

ಮುಖ್ಯ ಪಾತ್ರಕ್ಕೆ ಮೊದಲು ನಮ್ಮ ಕಡೆಯ ನಾಟಕದವರನ್ನು ನೋಡಿದೆ. ಕಂದಗಲ್ ಹನುಮಂತರಾಯರ ‘ರಕ್ತರಾತ್ರಿ’ಯ ಮಾತುಗಳನ್ನು ಇಂದಿಗೂ ಬಾಯಿಪಾಠ ಒಪ್ಪಿಸುವ ಹಿರಿಯರು ಈ ಸೀಮೆಯಲ್ಲಿದ್ದಾರೆ. ಅವರ ಕಂಠ ಜಾತ್ರೆಯ ಕಟ್ಟಕಡೆಯ ಸಾಲಿನವರೆಗೆ ಮುಟ್ಟುತ್ತದೆ. ನನ್ನ ಕ್ಯಾಮೆರಾ ಮಾತ್ರ ಮುಖದಿಂದ ಒಂದು ಮೊಳ ದೂರದಲ್ಲಿತ್ತು. ಕೊನೆಗೆ ಬಣ್ಣವನ್ನೇ ಹಚ್ಚದ, ನಿಜವಾಗಿ ಹಳೇ ಊರಿನಿಂದ ಎದ್ದು ಬಂದ ಒಬ್ಬ ಅಜ್ಜಿಯನ್ನು ಕೇಳಿಕೊಂಡೆ. ನೊದೆಕೊಪ್ಪಲು ಎಂಬ ಹಳ್ಳಿಯ ಜನರನ್ನೇ ಇಟ್ಟುಕೊಂಡು ರಾಮ್ ರೆಡ್ಡಿ ಮಾಡಿದ ‘ತಿಥಿ’ 2015ರಲ್ಲಿ ಲೊಕಾರ್ನೊ ಚಿತ್ರೋತ್ಸವದಲ್ಲಿ ಬಹುಮಾನ ಗೆದ್ದಿತ್ತು. ಕೊಪ್ಪಳ ಜಿಲ್ಲೆಯ ಹಳ್ಳಿಯವರೇ ನಟಿಸಿದ, ಜೈಶಂಕರ್ ಆರ್ಯರ್ ಅವರ ‘ಶಿವಮ್ಮ ಯರೇಹಂಚಿನಾಳ’ 2022ರಲ್ಲಿ ಬೂಸಾನ್‌ನ ನ್ಯೂ ಕರೆಂಟ್ಸ್ ಪ್ರಶಸ್ತಿ ತಂದಿತ್ತು. ಆ ಧೈರ್ಯ ನನ್ನ ಬೆನ್ನಿಗಿತ್ತು.

ಚಿತ್ರೀಕರಣ ಮೊಬೈಲಿನಲ್ಲಿ. ವಿಜಯಪುರ ಸೀಮೆಯ ಬಿಸಿಲು 40 ಡಿಗ್ರಿ ದಾಟಿದಾಗ ಮೊಬೈಲ್ ಕಾದು ತಾನೇ ಆಫ್ ಆಗುತ್ತದೆ. ಖಾಲಿ ಮೊಸರುಗಡಿಗೆಗೆ ಹೊರಗಿನಿಂದ ಹಸಿ ಬಟ್ಟೆ ಸುತ್ತಿ, ಒಣಗಿದ ಒಳಗಡೆ ಮೊಬೈಲ್ ಇಟ್ಟು, ಬಾಯಿ ಮುಚ್ಚಿ ನೆರಳಿನಲ್ಲಿಟ್ಟೆವು. ಒಣ ಗಾಳಿಗೆ ಬಟ್ಟೆಯ ನೀರು ಆರುತ್ತ ಗಡಿಗೆ ತಣ್ಣಗಾಗುತ್ತಿತ್ತು. ಮುಂದಿನ ಶಾಟಿಗೆ ಮೊಬೈಲ್ ತಯಾರು. ಮನೆಯೊಳಗಿನ ದೃಶ್ಯಕ್ಕೆ ಅಂಗಳದಲ್ಲಿ ಬಿಳಿ ಧೋತರ ಬಿಗಿದು ಬಿಸಿಲನ್ನು ಅದಕ್ಕೆ ಬಡಿಸಿ ಒಳಗೆ ತಿರುಗಿಸಿದೆವು. 1956ರ ‘ಅಪರಾಜಿತೊ’ಗಾಗಿ ಹಾಕಿದ ಕಾಶಿಯ ಮನೆಯ ಸೆಟ್ಟಿನಲ್ಲಿ ಛಾಯಾಗ್ರಾಹಕ ಸುಬ್ರತ ಮಿತ್ರ ಬಟ್ಟೆ ಬಿಗಿದು ಬೆಳಕನ್ನು ಪುಟಿಸಿದ ಉಪಾಯವೇ ಇದಕ್ಕೆ ಮೂಲ. ಕ್ಯಾಮೆರಾ ತೇಲಿ ಹೋಗಬೇಕಾದ ಕಡೆ ದೋಣಿ ಇತ್ತು. ಹಿನ್ನೀರಿನ ಗಾಳಿ ಧ್ವನಿಯನ್ನು ಕೆಡಿಸುತ್ತಿತ್ತು. ಹೊರಸಿನ ಮೇಲೆ ನಾಲ್ಕು ಕೌದಿ ಇಳಿಬಿಟ್ಟು, ಒಳಗೆ ಅಜ್ಜಿಯನ್ನು ಕೂರಿಸಿ ಮಾತುಗಳನ್ನು ಮತ್ತೆ ಹಿಡಿದೆವು. ಸ್ಟುಡಿಯೊದ ಬಾಡಿಗೆ ಉಳಿಯಿತು.

ಇವೆಲ್ಲ ಮೊದಲೇ ಗೊತ್ತಿದ್ದ ಕೊರತೆಗಳು. ಅದಕ್ಕೇ ಕೆಲಸ ಮಾಡಿದವು.

ಕೋರ್ತಿ–ಕೊಲ್ಹಾರ ಸೇತುವೆಯ ಮೇಲಿನ ಒಂದು ಶಾಟಿಗೆ ಅನುಮತಿ ಕೇಳಲು ಹೋದಾಗ ಒಬ್ಬ ಅಧಿಕಾರಿ ನನ್ನನ್ನು ಮೇಜಿನಿಂದ ಮೇಜಿಗೆ ಓಡಾಡಿಸಿದರು. ಅರ್ಜಿ ಓದಲಿಲ್ಲ. “ಮೊಬೈಲ್‌ನ್ಯಾಗ ತಗದ್ರ ಅದು ಸಿನಿಮಾ ಹ್ಯಾಂಗಾಗ್ತದ?” ಎಂದು ಕೇಳಿದರು. ಆಗುವುದಿಲ್ಲ ಎಂದು ಮೊದಲ ದಿನವೇ ಹೇಳಿದ್ದರೆ ನಾನು ಬೇರೆ ದಾರಿ ಹುಡುಕುತ್ತಿದ್ದೆ. ಸುಮಾರು ಮೂರು ಕಿಲೋಮೀಟರ್ ಉದ್ದದ ಆ ಸೇತುವೆಯನ್ನು ಕೊನೆಗೆ ದೂರದ ದೋಣಿಯಿಂದ ತೆಗೆದೆವು. ನೀರಿನಲ್ಲಿ ನಿಂತ ಕಂಬಗಳ ಸಾಲು ಚೆನ್ನಾಗಿಯೇ ಬಂದಿದೆ. ಆದರೆ ಅಷ್ಟು ದಿನಗಳನ್ನು ಅವರು ತಿಂದದ್ದರಿಂದ ರಾತ್ರಿಯ ದೃಶ್ಯ ಜೂನ್ ತಿಂಗಳಿಗೆ ಹೋಯಿತು.

ಆ ರಾತ್ರಿಯ ದೃಶ್ಯವೇ ಚಿತ್ರದ ಜೀವ. ಊರು ಬಿಡುವ ಕೊನೆಯ ರಾತ್ರಿ. ಜನ ತೊಲೆ, ಬಾಗಿಲು, ಚೌಕಟ್ಟು ಕಿತ್ತು ಚಕ್ಕಡಿಗೆ ಹೇರುತ್ತಾರೆ. ಮುದುಕಿ ತನ್ನ ಹೊಸ್ತಿಲನ್ನು ಕೀಳಲು ಬಿಡುವುದಿಲ್ಲ. ಇದಕ್ಕೆ ದೀಪ ಬೇಕೇ ಬೇಕಿತ್ತು. ದೀಪಕ್ಕೆ ಜನರೇಟರ್. ಅದನ್ನು ಕೊಡುತ್ತೇನೆಂದು ಒಪ್ಪಿಕೊಂಡವನು ನನ್ನ ಕಾಕಾ. ನಾಲ್ಕು ಮಂದಿಯ ಎದುರಿಗೆ, ಊಟಕ್ಕೆ ಕೂತಾಗ, ಎದೆ ತಟ್ಟಿಕೊಂಡು, “ನಿನ್ನ ಪಿಕ್ಚರಿಗಿ ನಾ ಅದೀನಿ” ಎಂದಿದ್ದ. ನನ್ನ ಪಟ್ಟಿಯಲ್ಲಿ ಅದನ್ನೂ ಬರೆದುಕೊಂಡಿದ್ದೆ.

ಮೇಲಿನಿಂದ ನೀರು ಬರುತ್ತಿದೆ ಎಂಬ ಸುದ್ದಿ ಮಧ್ಯಾಹ್ನವೇ ಬಂತು. ದೋಣಿಯ ಹಿರಿಯ ನೀರಿನ ಅಂಚಿಗೆ ಒಂದು ಕಟ್ಟಿಗೆ ನೆಟ್ಟು, “ಇವತ್ತ ರಾತ್ರಿ ಮುಗಸ್ರಿ, ನಾಳಿಗೆ ಈ ಜಾಗಾ ಇರೂದಿಲ್ಲ” ಎಂದ. ಹೊತ್ತು ಮುಳುಗುವ ಮೊದಲೇ ಎಲ್ಲರೂ ಬಂದರು. ಹೊಲದ ಕೆಲಸ ಮುಗಿಸಿ ಬಂದ ಹೆಣ್ಣುಮಕ್ಕಳು, ಮಡಿಲಲ್ಲಿ ಕೂಸು. ಚಕ್ಕಡಿ ಹೂಡಿದ ಎತ್ತುಗಳು. ಅಜ್ಜಿ ತನ್ನದೇ ಇಳಕಲ್ ಸೀರೆ ಉಟ್ಟು, ತನ್ನ ಹಳೇ ಮನೆಯ ಅರ್ಧ ಸವೆದ ಗೋಡೆಯ ಬುಡದಲ್ಲಿ, ನಾನು ತೋರಿಸಿದ ಜಾಗದಲ್ಲಿ ಕೂತಳು.

ಜನರೇಟರ್ ಬರಲಿಲ್ಲ. ಕಾಕಾ ಫೋನ್ ಎತ್ತಲಿಲ್ಲ. ಕತ್ತಲೆ ಪೂರಾ ಇಳಿದ ಮೇಲೆ ಹುಡುಗನೊಬ್ಬನನ್ನು ಬೈಕಿನಲ್ಲಿ ಕಳಿಸಿದೆ. ಅವನು ತಿರುಗಿ ಬಂದು ಹೇಳಿದ್ದು: ಜನರೇಟರ್ ಒಂದು ಮದುವೆಯ ಡಿಜೆಗೆ ಹೋಗಿದೆ, ಬಾಡಿಗೆಗೆ.

ಆಮೇಲಿನ ತಾಸುಗಳನ್ನು ನಾನು ಮರೆಯಲಾರೆ. ಬೈಕುಗಳ ಹೆಡ್‌ಲೈಟ್ ಹಚ್ಚಿ ನೋಡಿದೆವು. ಮುಖದ ಮೇಲೆ ಬಿಳಿ ಚುಕ್ಕೆ, ಸುತ್ತ ಕಪ್ಪು. ಟ್ರ್ಯಾಕ್ಟರ್ ತರಿಸಿದೆವು, ಅದರ ಗದ್ದಲಕ್ಕೆ ಎತ್ತು ಬೆದರಿ ಚಕ್ಕಡಿ ವಾಲಿತು, ತೊಲೆ ಹಿಡಿದಿದ್ದ ಹುಡುಗನ ಕಾಲು ಸ್ವಲ್ಪದರಲ್ಲಿ ಉಳಿಯಿತು. ಕಂದೀಲು ಒಂದನ್ನೇ ಇಟ್ಟು ತೆಗೆದದ್ದರಲ್ಲಿ ಮೊಬೈಲಿನ ಸಣ್ಣ ಸೆನ್ಸರ್ ಕತ್ತಲೆಯನ್ನೆಲ್ಲ ಕಾಳುಕಾಳಾಗಿ ಒಡೆದಿತ್ತು. ಕೂಸುಗಳು ಅತ್ತು ಮಲಗಿದವು. ರೊಟ್ಟಿ ಒಣಗಿದವು. ನನ್ನ ಮೇಲಿನ ಮರ್ಯಾದೆಗೆ ಯಾರೂ ಏನೂ ಅನ್ನಲಿಲ್ಲ. ಒಬ್ಬೊಬ್ಬರೇ ಎದ್ದು ಹೊರಟರು. ನೀರು ಹಿರಿಯ ನೆಟ್ಟ ಕಟ್ಟಿಗೆ ದಾಟಿ ಗೋಡೆಯ ಬುಡಕ್ಕೆ ಬಂದಾಗ ಅಜ್ಜಿಯ ಸೀರೆಯ ಅಂಚು ತೊಯ್ದಿತ್ತು. ಸಂಜೆಯಿಂದ ಅವಳು ಆ ಜಾಗ ಬಿಟ್ಟು ಎದ್ದಿರಲಿಲ್ಲ. “ಏಳು ಯವ್ವಾ, ಆಗೂದಿಲ್ಲ ಇವತ್ತ” ಅಂದೆ. ಅವಳು ಕೇಳಿದಳು: “ಮತ್ತೊಮ್ಮೆ ಹೋತಲ್ಲಪ್ಪ?”

ಮತ್ತೊಮ್ಮೆ ಎಂದಳು. ಆ ಮನೆ ಅವಳ ಕಣ್ಣೆದುರು ಎರಡನೆಯ ಸಲ ಮುಳುಗಿತು, ಕರೆತಂದು ಕೂರಿಸಿದ್ದು ನಾನು. ಕಾಕಾನ ಮೇಲಿನ ಸಿಟ್ಟು ನನಗೆ ಇನ್ನೂ ಆರದಿರುವುದು ಈ ಕಾರಣಕ್ಕೆ. ಶೂಟಿಂಗ್ ಕೆಟ್ಟದ್ದಕ್ಕಲ್ಲ.

ಜಾಗ ಹೋಯಿತು, ಮುಂದಿನ ಬೇಸಿಗೆಯವರೆಗೆ ಕಾಯಲು ರೊಕ್ಕವಿಲ್ಲ. ಕೆಲವು ದಿನಗಳ ಮೇಲೆ ಅಜ್ಜಿಯೇ ಹೇಳಿ ಕಳಿಸಿದಳು. ಮುಂಜಾನೆ ದಂಡೆಗೆ ಹೋದೆವು. ತುಂಬಿದ ನೀರು, ಮೇಲೆ ಮೋಡವಿಲ್ಲದ ಆಕಾಶ. ಅವಳು ಕೈ ಚಾಚಿ ತೋರಿಸತೊಡಗಿದಳು: “ಅಲ್ಲಿ ನಮ್ಮ ಹೊಸ್ತಿಲ. ಅದರ ಬಾಜೂಕ ಬೇವಿನ ಗಿಡ. ಆ ಹಕ್ಕಿ ಕುಂತೈತಲ್ಲ, ಅಲ್ಲಿ ಹನಮಪ್ಪನ ಗುಡಿ.” ನಾನು ಕಟ್ ಅನ್ನಲಿಲ್ಲ. ಮುಂದೆ ಸಂಕಲನಕ್ಕೆ ಕೂತಾಗ ರಾತ್ರಿಯ ದೃಶ್ಯವನ್ನೆಲ್ಲ ಸದ್ದಾಗಿ ಆ ನೀರಿನ ಮೇಲೆ ಹಾಕಿದೆ: ತೊಲೆ ಕೀಳುವ ಕಿರಕಿರ, ಎತ್ತಿನ ಗೆಜ್ಜೆ, ಮಕ್ಕಳ ಅಳು, ಚಕ್ಕಡಿಯ ಗಾಲಿ. ಎಲ್ಲವನ್ನೂ ಹೊಸ ಊರಿನ ಓಣಿಯಲ್ಲೇ ಹಿಡಿದದ್ದು. ಕಣ್ಣಿಗೆ ಹಗಲಿನ ನೀರು, ಕಿವಿಗೆ ಊರು ಬಿಡುವ ರಾತ್ರಿ. ನೋಡಿದವರೆಲ್ಲ ನೆನಪಿಟ್ಟುಕೊಳ್ಳುವುದು ಆ ಶಾಟನ್ನೇ.

ಈಗ ಕಾಕಾ ಕಟ್ಟೆಯ ಮೇಲೆ ಕೂತು ಹೇಳುತ್ತಾನೆ: “ನಾ ಜನರೇಟರ್ ಕೊಟ್ಟಿದ್ರ ಇಷ್ಟ ಛಲೋ ಆಗ್ತಿರಲಿಲ್ಲ.” ಕೇಳಿದವರು ತಲೆಯಾಡಿಸುತ್ತಾರೆ. ನಾನು ಒಪ್ಪುವುದಿಲ್ಲ. ಆ ಶಾಟ್ ಕೊಟ್ಟವಳು ಅಜ್ಜಿ. ನಿದ್ದೆಗೆಟ್ಟ ಆ ಜನ ಸದ್ದು ಹಿಡಿಯಲು ಮತ್ತೆ ಬಂದು ನಿಂತರು. ಅವರ ದೊಡ್ಡತನಕ್ಕೆ ಕಾಕಾನ ಸುಳ್ಳು ಕಾರಣ ಹೇಗಾದೀತು? ಸತ್ಯಜಿತ್ ರಾಯ್ ‘ಪಥೇರ್ ಪಾಂಚಾಲಿ’ಯ ನಡುವೆ ರೊಕ್ಕ ಮುಗಿದು ತಿಂಗಳುಗಟ್ಟಲೆ ನಿಂತರು. ಹುಡುಗ ಅಪುವಿನ ದನಿ ಒಡೆಯಲಿಲ್ಲ, ಹುಡುಗಿ ದುರ್ಗಾ ಬೆಳೆದುಬಿಡಲಿಲ್ಲ, ಮುದುಕಿಯ ಪಾತ್ರದ ಚುನಿಬಾಲಾ ದೇವಿ ತೀರಿಕೊಳ್ಳಲಿಲ್ಲ. ಈ ಮೂರನ್ನೂ ಪವಾಡವೆಂದೇ ಅವರು ಎಣಿಸಿದರು. ಪವಾಡವನ್ನು ನಂಬಿ ಯಾರೂ ಬಜೆಟ್ ಬರೆಯಬಾರದು. ಇದಕ್ಕೆ ಬದಲಾಗಿ, ಪುಣೆಯ ಎಫ್‌ಟಿಐಐ ಸಿನಿಮಾ ಶಾಲೆಯ ವಿದ್ಯಾರ್ಥಿಯಾಗಿದ್ದ ಮೈಸೂರಿನ ಚಿದಾನಂದ ನಾಯ್ಕರಿಗೆ ಚಿತ್ರೀಕರಣಕ್ಕೆ ನಾಲ್ಕೇ ದಿನ ಎಂಬುದು ಮೊದಲೇ ಗೊತ್ತಿತ್ತು. ಕೋಳಿ ಕದ್ದ ಅಜ್ಜಿಯ ಜನಪದ ಕಥೆಯನ್ನು 16 ನಿಮಿಷಕ್ಕೆ ಬಿಗಿದರು, 2024ರಲ್ಲಿ ಕಾನ್‌ನ ಲಾ ಸಿನೆಫ್ ವಿಭಾಗದ ಮೊದಲ ಬಹುಮಾನ ಪಡೆದರು.

ಮುಂದೆ ಮಾಡುವವರಿಗೆ ನಾನು ಹೇಳುವುದು ಇಷ್ಟು. ಇರುವುದರ ಪಟ್ಟಿ ಮೊದಲು, ಕಥೆ ಆಮೇಲೆ. ಹೊಳೆ, ಮಳೆ, ಸುಗ್ಗಿ ಯಾವುದನ್ನು ನಂಬಿದ್ದೀರೋ ಅದರ ದೃಶ್ಯ ಎಲ್ಲಕ್ಕಿಂತ ಮೊದಲು ತೆಗೆಯಿರಿ. ಚಿತ್ರ ಕೆಟ್ಟರೂ ಸದ್ದು ಕೆಡಿಸಬೇಡಿ. ನಟಿಸಲು ಬಂದವರ ಒಂದು ದಿನದ ಕೂಲಿಯನ್ನು ಅವತ್ತೇ ಕೈಗೆ ಕೊಡಿ. ನಮ್ಮ ಖರ್ಚಿನಲ್ಲಿ ಅರ್ಧಕ್ಕಿಂತ ಹೆಚ್ಚು ಕೂಲಿಗೂ ಊಟಕ್ಕೂ ಹೋಯಿತು, ಅದು ಸರಿಯಾದ ಖರ್ಚು. ಉಳಿತಾಯವನ್ನು ಯಂತ್ರದಲ್ಲಿ ಮಾಡಿ, ಮನುಷ್ಯರಲ್ಲಿ ಮಾಡಬೇಡಿ. ಮತ್ತು ಬಂಧುಗಳು ಪುಕ್ಕಟೆ ಕೊಡುತ್ತೇನೆಂದ ಜನರೇಟರನ್ನು ಪಟ್ಟಿಯಲ್ಲಿ ಬರೆಯಬೇಡಿ. ಬಾಡಿಗೆಗೆ ತನ್ನಿ, ಮುಂಗಡ ಕೊಡಿ, ರಸೀದಿ ತೆಗೆದುಕೊಳ್ಳಿ.