ನೋಟಿಸು ಬರುವ ಮುಂಚೆಯೇ ನೆಲದ ಸಾಕ್ಷಿ ಕೂಡಿಸಿ



ಊರಿಗೆ ಭೂಸ್ವಾಧೀನದ ನೋಟಿಸು ಬಂದ ದಿನ ಎಲ್ಲರ ಬಾಯಲ್ಲೂ ಒಂದೇ ಮಾತು: ‘ಎಕರೆಗೆ ಎಷ್ಟು ಕೊಡ್ತಾರಂತೆ?’ ಅದಕ್ಕೆ ಉತ್ತರ ಅಷ್ಟರಲ್ಲಾಗಲೇ ನೋಂದಣಿ ಕಚೇರಿಯ ಕಡತದಲ್ಲಿ, ನಿಮ್ಮ ಪಹಣಿಯಲ್ಲಿ ಮುಕ್ಕಾಲು ಪಾಲು ಬರೆದಾಗಿರುತ್ತದೆ. ನ್ಯಾಯವಾದ ಪರಿಹಾರವನ್ನು ಯಾರೂ ತಾವಾಗಿ ತಂದುಕೊಡುವುದಿಲ್ಲ. ಸಾಕ್ಷಿ ಇಟ್ಟು ಪಡೆಯಬೇಕು. ಆ ಸಾಕ್ಷಿ ಕೂಡಿಸುವ ಕೆಲಸ ಇಂದೇ ಶುರುವಾಗಬೇಕು. ನಾನು ಹೇಳಬೇಕಾದದ್ದು ಇಷ್ಟೇ. ಮುಂದಿನದೆಲ್ಲ ಅದರ ವಿವರ.

ಮೊದಲು ಲೆಕ್ಕ ತಿಳಿದುಕೊಳ್ಳಿ. 1894ರ ಬ್ರಿಟಿಷರ ಕಾಯ್ದೆ ಹೋಗಿ, 2013ರ ಭೂಸ್ವಾಧೀನ ಕಾಯ್ದೆ 2014ರ ಜನವರಿ 1ರಿಂದ ಜಾರಿಗೆ ಬಂತು. ಅದರ 26ನೇ ಕಲಮಿನಂತೆ ಮುಖ್ಯವಾಗಿ ಎರಡು ದರ ನೋಡುತ್ತಾರೆ. ಒಂದು, ನೋಂದಣಿಗೆ ಸರ್ಕಾರ ಗೊತ್ತು ಮಾಡಿದ ಮಾರ್ಗಸೂಚಿ ದರ. ಇನ್ನೊಂದು, ಹಿಂದಿನ 3 ವರ್ಷಗಳಲ್ಲಿ ಅಕ್ಕಪಕ್ಕದ ಅಂಥದೇ ಜಮೀನಿಗೆ ಆದ ಕ್ರಯಪತ್ರಗಳಲ್ಲಿ ಹೆಚ್ಚು ಬೆಲೆ ಇರುವ ಅರ್ಧದಷ್ಟನ್ನು ಆರಿಸಿ ತೆಗೆದ ಸರಾಸರಿ. ಯಾವುದು ಹೆಚ್ಚೋ ಅದೇ ಮಾರುಕಟ್ಟೆ ಬೆಲೆ. ಹಳ್ಳಿಯ ಜಮೀನಾದರೆ ಪಟ್ಟಣದಿಂದ ಇರುವ ದೂರ ನೋಡಿ 1ರಿಂದ 2ರ ನಡುವಿನ ಗುಣಕದಿಂದ ಅದನ್ನು ಗುಣಿಸುತ್ತಾರೆ. ಮರ, ಬೋರ್‌ವೆಲ್, ಮನೆಯ ಬೆಲೆ ಕೂಡಿಸುತ್ತಾರೆ. ಒಟ್ಟು ಬಂದಷ್ಟೇ ಹಣವನ್ನು ಸೊಲೇಷಿಯಂ ಎಂದು ಮತ್ತೊಮ್ಮೆ ಸೇರಿಸುತ್ತಾರೆ.

ಎಕರೆಗೆ 20 ಲಕ್ಷ, ಗುಣಕ 1.5 ಎಂದಿಟ್ಟುಕೊಳ್ಳಿ. 30 ಲಕ್ಷವಾಯಿತು. ಮರ, ಬೋರ್‌ವೆಲ್‌ಗೆ 3 ಲಕ್ಷ. ಸೊಲೇಷಿಯಂ ಸೇರಿದರೆ 66 ಲಕ್ಷ. ಜೊತೆಗೆ ಮಾರುಕಟ್ಟೆ ಬೆಲೆಯ ಮೇಲೆ ವರ್ಷಕ್ಕೆ ಶೇ. 12ರಂತೆ ಹೆಚ್ಚುವರಿ ಮೊತ್ತ. ಅಂದರೆ ಮೂಲ ದರದಲ್ಲಿ ಒಂದು ಲಕ್ಷ ಕಡಿಮೆಯಾದರೆ ಕೊನೆಗೆ ಕೈತಪ್ಪುವುದು ಮೂರು ಲಕ್ಷ.

ಅದಕ್ಕೇ ಕೈಮುಗಿದು ಕೇಳುತ್ತೇನೆ, ಕ್ರಯಪತ್ರದಲ್ಲಿ ನಿಜವಾದ ಬೆಲೆ ಬರೆಸಿ. 60 ಲಕ್ಷಕ್ಕೆ ಕೊಂಡ ಜಮೀನಿಗೆ ಮುದ್ರಾಂಕ ಶುಲ್ಕ ಉಳಿಸಲು 15 ಲಕ್ಷ ಎಂದು ಬರೆಸಿ, ಉಳಿದದ್ದನ್ನು ಕೈಯಿಂದ ಕೈಗೆ ಕೊಟ್ಟುಬಿಡುವವರಿದ್ದಾರೆ. ಆ ದಿನ ಇಬ್ಬರಿಗೂ ಲಾಭವೇ. ನಾಳೆ ಹೆದ್ದಾರಿ ಬಂದಾಗ ಅಧಿಕಾರಿಯ ಮುಂದೆ ಇರುವುದು ಆ 15 ಲಕ್ಷ ಮಾತ್ರ. ಏಟು ಬೀಳುವುದು ಆ ವ್ಯವಹಾರದ ಗಂಧಗಾಳಿಯೂ ಇಲ್ಲದ ಪಕ್ಕದ ಹೊಲದವರಿಗೆ. ಮಾಡಿದ್ದುಣ್ಣೋ ಮಹರಾಯ ಅನ್ನುತ್ತಾರೆ. ಇಲ್ಲಿ ಒಬ್ಬ ಮಾಡಿದ್ದನ್ನು ಊರೇ ಉಣ್ಣಬೇಕಾಗುತ್ತದೆ.

ಇನ್ನು ಪಹಣಿ. ವರ್ಷಗಟ್ಟಲೆ ಬೋರ್‌ವೆಲ್ ನೀರಿನಲ್ಲಿ ಅಡಿಕೆ ಬೆಳೆದ ತೋಟ ದಾಖಲೆಯಲ್ಲಿ ಇನ್ನೂ ಖುಷ್ಕಿ ಎಂದೇ ಇದ್ದರೆ ಖುಷ್ಕಿಯ ದರ ಕಟ್ಟಿಬಿಡುತ್ತಾರೆ. ಈ ಅಂತರ ಸಣ್ಣದಲ್ಲ. ಕೃಷ್ಣಾ ಮೇಲ್ದಂಡೆ ಯೋಜನೆಯ 3ನೇ ಹಂತದಲ್ಲಿ ಮುಳುಗುವ ಜಮೀನಿಗೆ ರಾಜ್ಯ ಸಂಪುಟ 2025ರ ಸೆಪ್ಟೆಂಬರಿನಲ್ಲಿ ಒಪ್ಪಿದ ದರ ನೀರಾವರಿಗೆ ಎಕರೆಗೆ 40 ಲಕ್ಷ, ಒಣಭೂಮಿಗೆ 30 ಲಕ್ಷ. ಹಾಗಾಗಿ ಬೆಳೆ ಸಮೀಕ್ಷೆಯಲ್ಲಿ ಇದ್ದ ಬೆಳೆಯನ್ನೇ ದಾಖಲು ಮಾಡಿಸಿ. ಪಂಪ್‌ಸೆಟ್ಟಿನ ಕಾಗದ, ಮಂಡಿಯ ಚೀಟಿ ಜೋಪಾನ ಮಾಡಿ. ತೀರಿಹೋದ ತಾತನ ಹೆಸರಲ್ಲೇ ಜಮೀನಿದ್ದರೆ ಪೌತಿ ಖಾತೆ ಮಾಡಿಸಿ, ಪೋಡಿ ಆಗದಿದ್ದರೆ ಅರ್ಜಿ ಕೊಡಿ. ಜಂಟಿ ಅಳತೆಗೆ ಬಂದ ದಿನ ಹೊಲದಲ್ಲೇ ಇರಿ. ಒಂದೊಂದು ಮರವನ್ನೂ ಎಣಿಸಿ ಮಹಜರಿನಲ್ಲಿ ಬರೆಸಿ, ಪ್ರತಿ ಕೇಳಿ ಪಡೆಯಿರಿ. ರಸ್ತೆ ನಡುವೆ ಹಾದು ಜಮೀನು ಎರಡು ತುಂಡಾದರೆ, ಉಳಿದ ತುಂಡಿಗೆ ಆಗುವ ನಷ್ಟವನ್ನೂ ಕಾನೂನು ಲೆಕ್ಕಕ್ಕೆ ಹಿಡಿಯುತ್ತದೆ. ಕೇಳದವರಿಗೆ ಅದು ಸಿಗುವುದಿಲ್ಲ.

ವಾಯಿದೆ ಮೀರಬೇಡಿ. ಆಕ್ಷೇಪಣೆಗೆ 2013ರ ಕಾಯ್ದೆಯಲ್ಲಿ 60 ದಿನ, ರಾಷ್ಟ್ರೀಯ ಹೆದ್ದಾರಿ ಕಾಯ್ದೆಯಲ್ಲಿ 21 ದಿನ. ಐತೀರ್ಪಿನ (ಪರಿಹಾರ ಗೊತ್ತುಮಾಡಿದ ಆದೇಶದ) ಮೊತ್ತ ಸಾಲದು ಅನ್ನಿಸಿದರೆ ಹಣ ಪಡೆಯುವಾಗಲೇ ‘ಆಕ್ಷೇಪಣೆಯೊಂದಿಗೆ ಪಡೆದಿದ್ದೇನೆ’ ಎಂದು ಬರೆದು ಸಹಿ ಹಾಕಿ. ಸುಮ್ಮನೆ ಪಡೆದರೆ ಹೆಚ್ಚು ಕೇಳುವ ಹಕ್ಕು ಹೋಗುತ್ತದೆ. ಐತೀರ್ಪಿನ ವೇಳೆ ಹಾಜರಿದ್ದವರಿಗೆ ಹೆಚ್ಚು ಕೇಳಿ ಅರ್ಜಿ ಹಾಕಲು ಇರುವುದು 6 ವಾರ. ಹೆದ್ದಾರಿಯ ತಕರಾರು ಮಧ್ಯಸ್ಥಗಾರರ ಮುಂದೆ ಹೋಗುತ್ತದೆ. ಒಪ್ಪಂದದ ದರದ ಕಾಗದವನ್ನು ವಕೀಲರಿಗೆ ತೋರಿಸದೆ ಮುಟ್ಟಬೇಡಿ. ಒಪ್ಪಿ ಸಹಿ ಹಾಕಿದ ಮೇಲೆ ಹೆಚ್ಚಿಗೆ ಕೇಳುವ ದಾರಿ ಬಹುಮಟ್ಟಿಗೆ ಮುಚ್ಚಿದಂತೆ.

ಹಳೆಯ ದರ ಹೊಸ ದಿನಕ್ಕೆ ನ್ಯಾಯವಲ್ಲ ಎಂಬುದಕ್ಕೂ ಆಧಾರವಿದೆ. ಬೆಂಗಳೂರು–ಮೈಸೂರು ಕಾರಿಡಾರ್ ಯೋಜನೆಗೆ 2003ರಲ್ಲಿ ಅಧಿಸೂಚನೆಯಾದ ಜಮೀನಿಗೆ ಐತೀರ್ಪು ಬಂದದ್ದು 2019ರಲ್ಲಿ, ಅದೂ 2011ರ ಮಾರ್ಗಸೂಚಿ ದರದಲ್ಲಿ. 2025ರ ಜನವರಿಯಲ್ಲಿ ಸುಪ್ರೀಂ ಕೋರ್ಟು, 2019ರ ಏಪ್ರಿಲ್ 22ರ ಮಾರುಕಟ್ಟೆ ಬೆಲೆಯನ್ನೇ ಕಟ್ಟಿಕೊಡಬೇಕು ಎಂದಿತು. ಆಸ್ತಿಯ ಹಕ್ಕು 1978ರ ತಿದ್ದುಪಡಿಯಿಂದ ಮೂಲಭೂತ ಹಕ್ಕುಗಳ ಪಟ್ಟಿಯಿಂದ ಹೊರಬಿದ್ದರೂ ಸಂವಿಧಾನದ 300ಎ ವಿಧಿ ಅದನ್ನು ಕಾಯುತ್ತಿದೆ.

ಒಬ್ಬೊಬ್ಬರೇ ಹೋಗಬೇಡಿ. ಬೆಲೆ ಮಾತಾಡುವ ಮೊದಲು, ಈ ನೆಲ ಕೊಡಲೇಬೇಕೇ ಎಂದು ಕೇಳುವುದಕ್ಕೂ ಒಗ್ಗಟ್ಟು ಬೇಕು. ದೇವನಹಳ್ಳಿ ತಾಲ್ಲೂಕಿನ ಚನ್ನರಾಯಪಟ್ಟಣ ಹೋಬಳಿಯ 13 ಹಳ್ಳಿಗಳವರು ಮೂರು ವರ್ಷಕ್ಕೂ ಮೀರಿ ಧರಣಿ ಕೂತದ್ದರಿಂದಲೇ 2025ರ ಜುಲೈನಲ್ಲಿ ಸರ್ಕಾರ 1,777 ಎಕರೆಯ ಸ್ವಾಧೀನ ಕೈಬಿಟ್ಟಿತು. ಕೋರ್ಟಿಗೆ ಹೋಗಲಾಗದ ಬಡವರಿಗೂ ದಾರಿಯಿದೆ: ಅದೇ ಅಧಿಸೂಚನೆಯ ಬೇರೊಬ್ಬರಿಗೆ ಪರಿಹಾರ ಹೆಚ್ಚಾದರೆ, 2013ರ ಕಾಯ್ದೆಯ 73ನೇ ಕಲಮಿನಡಿ ಆ ತೀರ್ಪಿನಿಂದ 3 ತಿಂಗಳೊಳಗೆ ತಮಗೂ ಹಾಗೇ ಕಟ್ಟಿಕೊಡಿ ಎಂದು ಕೇಳಬಹುದು. ಕೋರ್ಟಿನಲ್ಲಿ ಗೆದ್ದವರು ಇದನ್ನು ನೆರೆಯವರಿಗೆ ಹೇಳಲೇಬೇಕು.

ಕೊನೆಯದಾಗಿ, ಹಣ ಬಂದ ಮೇಲಿನ ಮಾತು. ಅಕ್ಕತಂಗಿಯರಿಗೆ ಗೊತ್ತಾಗದಂತೆ ಸಹಿ ಮುಗಿಸುವ ಯೋಚನೆ ಬಿಡಿ. ಹಿಂದೂ ಕುಟುಂಬಗಳ ಪಿತ್ರಾರ್ಜಿತದಲ್ಲಿ 2005ರಿಂದ ಹೆಣ್ಣುಮಕ್ಕಳದೂ ಸಮಪಾಲು. ಮನೆಯ ವ್ಯಾಜ್ಯ ಎದ್ದರೆ ಪರಿಹಾರ ಠೇವಣಿಯಲ್ಲೇ ಕೂರುತ್ತದೆ. ನಿಮ್ಮ ಹೊಲವನ್ನೇ ನಂಬಿ ದುಡಿದ ಕೂಲಿಯವರನ್ನೂ ಗೇಣಿದಾರರನ್ನೂ 2013ರ ಕಾಯ್ದೆ ಬಾಧಿತ ಕುಟುಂಬಗಳೆಂದು ಗುರುತಿಸುತ್ತದೆ. ಪಟ್ಟಿಯಲ್ಲಿ ಅವರ ಹೆಸರು ಬಿಟ್ಟುಹೋಗಿದ್ದರೆ ನೀವೇ ಅವರ ಜೊತೆ ಕಚೇರಿಗೆ ಹೋಗಿ ಬರೆಸಿ. ಸರ್ಕಾರದಿಂದ ನ್ಯಾಯ ಕೇಳುವವರು ತಮ್ಮ ಮನೆಯಲ್ಲಿ, ತಮ್ಮ ಹೊಲದಲ್ಲಿ ಅದನ್ನು ಮೊದಲು ನಡೆಸಬೇಕು. ಆಗ ನೀವು ಕೇಳುವ ಬೆಲೆಗೆ ಇಡೀ ಊರು ಸಾಕ್ಷಿಯಾಗಿ ನಿಲ್ಲುತ್ತದೆ.