ಒಂದು ಪ್ಯಾಟರ್ನ್, ಹಲವು ಎರಕ

ಚಿರಂಜೀವಿ ತಮ್ಮನ ಮಗನಿಗೆ ಖಾನಾಪುರದಿಂದ ಕಾಕಾ ಮಾಡುವ ಆಶೀರ್ವಾದಗಳು.

ಷೇರ್ಡ್ ಲೈಬ್ರರಿ ಎಂದರೆ ಹಲವು ಪ್ರೋಗ್ರಾಮ್‌ಗಳಿಗೆ ಬೇಕಾದ ಕೋಡನ್ನು ಒಂದೇ ಫೈಲಿನಲ್ಲಿ ಇಟ್ಟು, ಪ್ರೋಗ್ರಾಮ್ ಓಡುವ ಹೊತ್ತಿಗೆ ಅದರೊಡನೆ ಜೋಡಿಸುವ ಏರ್ಪಾಡು. ಲಿನಕ್ಸಿನಲ್ಲಿ ಇಂಥ ಫೈಲಿಗೆ ‘ಡಾಟ್ ಎಸ್‌ಓ’ ಎನ್ನುತ್ತಾರೆ, ವಿಂಡೋಸಿನಲ್ಲಿ ‘ಡಿಎಲ್‌ಎಲ್’. ಅದು ಯಾವುದೇ ಒಂದು ಪ್ರೋಗ್ರಾಮಿನ ಸ್ವತ್ತಲ್ಲ. ಒಂದು ಪ್ರೋಗ್ರಾಮ್ ಓಡಲಿಲ್ಲವೆಂದು ಬೇರೆ ಕಂಪ್ಯೂಟರಿನಿಂದ ಫೈಲು ತಂದು ಇದ್ದದ್ದರ ಮೇಲೆ ಹಾಕುವವರು ಮರೆಯುವುದು ಇದನ್ನೇ. ಮೊನ್ನೆ ಬೆಳಗಾವಿಯಿಂದ ಬಂದ ಫೋನಿನಲ್ಲಿ ಕೇಳಿದ್ದೂ ಚಿರಂಜೀವಿ ಹೀಗೆಯೇ ಫೈಲು ತಂದು ಹಾಕಿದ ಸುದ್ದಿ.

ಬೆಳಗಾವಿಯ ಉದ್ಯಮಬಾಗದ ಫೌಂಡ್ರಿಗಳಲ್ಲಿ ಒಂದೇ ಪ್ಯಾಟರ್ನಿನಿಂದ ನೂರಾರು ಮರಳಚ್ಚು ತೆಗೆಯುತ್ತಾರೆ. ಪ್ಯಾಟರ್ನ್ ಎಲ್ಲಕ್ಕೂ ಒಂದೇ. ಹೊಯ್ಯುವ ಕಬ್ಬಿಣ ಮಾತ್ರ ಅಚ್ಚಚ್ಚಿಗೂ ಬೇರೆ. ಲೈಬ್ರರಿಯೂ ಹಾಗೆಯೇ. ಅದರ ಕೋಡ್ ಮೆಮೊರಿಯಲ್ಲಿ ಒಂದೇ ಸಲ ಕೂತು ಎಲ್ಲ ಪ್ರೋಗ್ರಾಮ್‌ಗಳಿಗೂ ಒದಗುತ್ತದೆ. ಬರೆದು ಬದಲಿಸುವ ಡೇಟಾ ಮಾತ್ರ ಪ್ರತಿಯೊಂದಕ್ಕೂ ತನ್ನದೇ.

ಕಾಕಾ ಅಂಥದೊಂದು ಫೌಂಡ್ರಿಯ ಲೆಕ್ಕದ ಕೋಣೆಯಲ್ಲಿ ಕೂತಾಗ ಇದ್ದದ್ದು ಡಾಸ್. ಪಗಾರ, ಸ್ಟಾಕ್, ಬಿಲ್ಲು, ಬಾಕಿ ಎಂದು ನಾಲ್ಕು ಪ್ರೋಗ್ರಾಮ್. ನಾಲ್ಕರ ಹೊಟ್ಟೆಯಲ್ಲೂ ತಾರೀಖು ಲೆಕ್ಕ ಹಾಕುವ ಅದೇ ಕೋಡ್. ಅದರಲ್ಲಿ ಲೀಪ್ ವರ್ಷದ ತಪ್ಪೊಂದು ಸಿಕ್ಕಿತು. ಮೂರನ್ನು ತಿದ್ದಿ ಮತ್ತೆ ಕಂಪೈಲ್ ಮಾಡಿದ್ದಾಯಿತು. ನಾಲ್ಕನೆಯದರ ಫ್ಲಾಪಿ ಖಾನಾಪುರದ ಮನೆಯಲ್ಲೇ ಉಳಿದಿತ್ತು, ಅದು ಪಗಾರದ್ದು. 1996ರ ಫೆಬ್ರವರಿ 29ರ ಹಾಜರಿ ಯಾರ ಲೆಕ್ಕಕ್ಕೂ ಬೀಳಲಿಲ್ಲ. ಮರುವಾರ ಭಟ್ಟಿಯ ಮುಂದೆ ದುಡಿದವರು ಕಿಟಕಿಯ ಮುಂದೆ ಸಾಲಾಗಿ ನಿಂತರು. ಅವರಿಗೆ ಲೀಪ್ ವರ್ಷ ವಿವರಿಸುವುದು ಸುಲಭವಿರಲಿಲ್ಲ. ಎಲ್ಲವನ್ನೂ ಪ್ರೋಗ್ರಾಮಿನೊಳಗೇ ಬೆಸೆಯುವ ಸ್ಟ್ಯಾಟಿಕ್ ಲಿಂಕಿಂಗ್‌ನ ಬೆಲೆ ಅಂದು ತಿಳಿಯಿತು.

ಷೇರ್ಡ್ ಲೈಬ್ರರಿ ಬಳಸುವ ಪ್ರೋಗ್ರಾಮ್ ತನಗೆ ಬೇಕಾದ ಲೈಬ್ರರಿಗಳ ಹೆಸರನ್ನಷ್ಟೇ ಬರೆದುಕೊಂಡಿರುತ್ತದೆ. ಲಿನಕ್ಸಿನಲ್ಲಿ ಅದನ್ನು ಓಡಿಸಿದಾಗ ಕರ್ನಲ್ ಮೊದಲು ಡೈನಮಿಕ್ ಲಿಂಕರನ್ನು ಎಬ್ಬಿಸುತ್ತದೆ. ಲಿಂಕರ್ ಆ ಪಟ್ಟಿ ಹಿಡಿದು ಹುಡುಕುತ್ತದೆ: ಪ್ರೋಗ್ರಾಮಿನಲ್ಲೇ ಬರೆದಿಟ್ಟ ದಾರಿ, ‘ಎಲ್‌ಡಿ ಲೈಬ್ರರಿ ಪಾಥ್’ ಎಂಬ ವೇರಿಯೇಬಲ್ ಹೇಳಿದ ಜಾಗ, ಎಲ್‌ಡಿಕಾನ್ಫಿಗ್ ಎಂಬ ಉಪಕರಣ ಸಿದ್ಧಪಡಿಸಿದ ಸೂಚಿ, ಕೊನೆಗೆ ಸಿಸ್ಟಮಿನ ಮಾಮೂಲಿ ಡೈರೆಕ್ಟರಿಗಳು. ಸಿಕ್ಕ ಲೈಬ್ರರಿಗೂ ಬೇರೆ ಲೈಬ್ರರಿ ಬೇಕಿದ್ದರೆ ಅದನ್ನೂ ತರುತ್ತದೆ. ಲೈಬ್ರರಿ ಪ್ರತಿ ಸಲವೂ ಮೆಮೊರಿಯ ಬೇರೆ ಜಾಗದಲ್ಲಿ ಕೂರಬಹುದಾದ್ದರಿಂದ ವಿಳಾಸಗಳನ್ನು ತಿದ್ದಿ ಜೋಡಿಸಬೇಕಾಗುತ್ತದೆ. ಕೆಲವು ಫಂಕ್ಷನ್‌ಗಳ ವಿಳಾಸವನ್ನು ಮೊದಲ ಸಲ ಕರೆದಾಗಲೇ ಹುಡುಕುವುದೂ ಉಂಟು.

ಆಮೇಲೆ ಇನಿಶಿಯಲೈಸೇಶನ್. ಪ್ರೋಗ್ರಾಮಿನ ‘ಮೇನ್’ ಶುರುವಾಗುವ ಮೊದಲೇ ಪ್ರತಿ ಲೈಬ್ರರಿಯ ಕನ್‌ಸ್ಟ್ರಕ್ಟರ್‌ಗಳು ಓಡುತ್ತವೆ. ಯಾವುದನ್ನು ನೆಚ್ಚಿಕೊಂಡಿದೆಯೋ ಆ ಲೈಬ್ರರಿ ಮೊದಲು, ನೆಚ್ಚಿಕೊಂಡದ್ದು ಆಮೇಲೆ. ಎರಡು ಲೈಬ್ರರಿಗಳು ಒಂದನ್ನೊಂದು ನೆಚ್ಚಿಕೊಂಡಿದ್ದರೆ ಯಾವುದು ಮೊದಲೆಂದು ನಂಬಿ ಕೂರುವಂತಿಲ್ಲ. ಈ ಹೊತ್ತಿನಲ್ಲಿ ಲೈಬ್ರರಿ ತನ್ನ ಟೇಬಲ್ಲು, ಲಾಕುಗಳನ್ನಷ್ಟೇ ಸಿದ್ಧಮಾಡಿಕೊಂಡರೆ ಸಾಕು. ವಿಂಡೋಸಿನಲ್ಲಿ ‘ಡಿಎಲ್‌ಎಲ್ ಮೇನ್’ ಎಂಬ ಶುರುವಿನ ಫಂಕ್ಷನ್ ಓಡುವಾಗ ಲೋಡರಿನ ಬೀಗ ಹಾಕಿರುತ್ತದೆ; ಅಲ್ಲಿ ಮತ್ತೊಂದು ಲೈಬ್ರರಿ ಕರೆಯಲು ಹೋದರೆ ಪ್ರೋಗ್ರಾಮ್ ಅಲ್ಲೇ ಸಿಕ್ಕಿಬೀಳಬಹುದು. ಓಡುತ್ತಿರುವಾಗಲೇ ಲೈಬ್ರರಿ ಬೇಕೆನಿಸಿದರೆ ಲಿನಕ್ಸಿನಲ್ಲಿ ‘ಡಿಎಲ್‌ಓಪನ್’ ಇದೆ. ಪ್ರೋಗ್ರಾಮ್ ಮುಗಿಯುವಾಗ ಸ್ವಚ್ಛಗೊಳಿಸುವ ಕೆಲಸ ಹಿಂದುಮುಂದಾಗಿ, ಕೊನೆಗೆ ಬಂದದ್ದರಿಂದ ಮೊದಲು ಬಂದದ್ದಕ್ಕೆ ನಡೆಯುತ್ತದೆ.

ಲಿನಕ್ಸಿನಲ್ಲಿ ಲೈಬ್ರರಿಯ ಹೆಸರಿನ ಕೊನೆಯ ಅಂಕಿಗೂ ಅರ್ಥವಿದೆ. ಹಳೆಯ ಪ್ರೋಗ್ರಾಮ್‌ಗಳಿಗೆ ಹೊಂದದಂತೆ ಲೈಬ್ರರಿ ಬದಲಾದಾಗ ಮುಖ್ಯ ಅಂಕಿ ಬದಲಾಗುತ್ತದೆ. ಆಗ ಹಳೆಯದೂ ಹೊಸದೂ ಒಂದೇ ಕಂಪ್ಯೂಟರಿನಲ್ಲಿ ಜಗಳವಿಲ್ಲದೆ ಇರಬಲ್ಲವು. 2ನೇ ಅಂಕಿಯ ಫೈಲಿಗೆ 1ನೇ ಅಂಕಿಯ ಹೆಸರಿಟ್ಟು ಕೂರಿಸುವುದು ಲಿಂಕರಿಗೆ ಸುಳ್ಳು ಹೇಳಿದಂತೆ. 1998ರಿಂದ ವಿಶ್ವೇಶ್ವರಯ್ಯ ತಾಂತ್ರಿಕ ವಿಶ್ವವಿದ್ಯಾಲಯದ ನೆಲೆಯಾಗಿರುವ ಬೆಳಗಾವಿಯಲ್ಲಿ ಓದಿದವರು ಎರರ್ ಸಾಲನ್ನು ಪೂರ್ತಿ ಓದದೆ ಫೈಲು ನಕಲು ಮಾಡುವುದು ನಾಚಿಕೆಯ ಸಂಗತಿ. ಯಾವ ಲೈಬ್ರರಿ ಸಿಗಲಿಲ್ಲವೆಂದು ಆ ಸಾಲೇ ಹೆಸರು ಹಿಡಿದು ಹೇಳಿರುತ್ತದೆ.

ಗದರಿದ್ದು ಹೆಚ್ಚಾಯಿತು. ಕಾಕಾನೂ ಇದನ್ನೇ ಮಾಡಿದ್ದ. ಫೌಂಡ್ರಿಗೆ ವಿಂಡೋಸ್ ಬಂದ ಮೇಲೆ ಹೊಸ ಬಿಲ್ಲಿಂಗ್ ಸಾಫ್ಟ್‌ವೇರೊಂದು ತನ್ನ ಹಳೆಯ ಡಿಎಲ್‌ಎಲ್ಲನ್ನು ಹೇಳದೆ ಕೇಳದೆ ಕೂರಿಸಿ ಪಗಾರದ ಪ್ರೋಗ್ರಾಮನ್ನು ನಿಲ್ಲಿಸಿತು. ಖಾನಾಪುರದ ಕೊನೆಯ ಬಸ್ಸು ತಪ್ಪಿಸಿಕೊಂಡು, ಮಧ್ಯರಾತ್ರಿ ಮತ್ತೊಂದು ಕಂಪ್ಯೂಟರಿನ ಡಿಎಲ್‌ಎಲ್ ತಂದು ಮೇಲೆ ಹಾಕಿದ್ದಾಯಿತು. ಬೆಳಗಾದರೆ ಪಗಾರ ಓಡುತ್ತಿತ್ತು, ಬಿಲ್ಲಿಂಗ್ ಮಲಗಿತ್ತು. ಇಂಥ ಫಜೀತಿಗೆ ಪ್ರೋಗ್ರಾಮರುಗಳು ‘ಡಿಎಲ್‌ಎಲ್ ಹೆಲ್’ ಎಂದೇ ಹೆಸರಿಟ್ಟಿದ್ದರು.

ಸ್ಟ್ಯಾಟಿಕ್ ಲಿಂಕಿಂಗ್‌ಗೂ ಅದರದೇ ಜಾಗವಿದೆ. ಕೆಟ್ಟ ಸಿಸ್ಟಮನ್ನು ಎಬ್ಬಿಸುವ ಉಪಕರಣಗಳು, ಒಂದೇ ಫೈಲಾಗಿ ಸಾಗಿಸಬೇಕಾದ ಪ್ರೋಗ್ರಾಮ್‌ಗಳಿಗೆ ಅದೇ ಸರಿ. ಆದರೆ 2014ರಲ್ಲಿ ಓಪನ್‌ಎಸ್‌ಎಸ್‌ಎಲ್‌ನಲ್ಲಿ ಹಾರ್ಟ್‌ಬ್ಲೀಡ್ ದೋಷ ಬಯಲಾದಾಗ ಷೇರ್ಡ್ ಲೈಬ್ರರಿ ಬಳಸಿದವರು ಅದನ್ನೊಂದು ಬದಲಿಸಿ ಸರ್ವರ್‌ಗಳನ್ನು ಮತ್ತೆ ಶುರುಮಾಡಿದರೆ ತೂತು ಮುಚ್ಚುತ್ತಿತ್ತು. ಒಳಗೇ ಬೆಸೆದವರು ಪ್ರೋಗ್ರಾಮನ್ನೇ ಮತ್ತೆ ಕಟ್ಟಬೇಕಿತ್ತು. ಕನ್ನಡದ ಒತ್ತಕ್ಷರ, ಅರ್ಕಾವತ್ತುಗಳನ್ನು ಸರಿಯಾದ ಜಾಗದಲ್ಲಿ ಕೂರಿಸುವ ಹಾರ್ಫ್‌ಬಜ್ ಕೂಡ ಲಿನಕ್ಸಿನಲ್ಲಿ ಇಂಥದೇ ಲೈಬ್ರರಿ. ಅದರಲ್ಲಿ ಒಂದು ‘ರ್ಕ’ ಸರಿಹೋದರೆ ಅದನ್ನು ಹಂಚಿಕೊಂಡ ಪ್ರೋಗ್ರಾಮ್‌ಗಳಲ್ಲೆಲ್ಲ ಸರಿಹೋಗುತ್ತದೆ. ಅದನ್ನು ಕೆಡಿಸಿದರೆ ಅಲ್ಲೆಲ್ಲ ಕೆಡುತ್ತದೆ.

ಕೆಟ್ಟ ಫೈಲನ್ನು ಪ್ಯಾಕೇಜ್ ಮ್ಯಾನೇಜರಿನಿಂದಲೇ ಮತ್ತೆ ಕೂರಿಸತಕ್ಕದ್ದು. ಬೇರೆ ಆವೃತ್ತಿ ಬೇಕೇ ಬೇಕೆಂದರೆ ಅದನ್ನು ಪ್ರೋಗ್ರಾಮಿನ ಸ್ವಂತ ಡೈರೆಕ್ಟರಿಯಲ್ಲಿಟ್ಟು ದಾರಿ ತೋರಿಸತಕ್ಕದ್ದು. ಚಿರಂಜೀವಿ ಬರುವ ಭಾನುವಾರ ಊರಿಗೆ ಬರುವಾಗ ಓಡದ ಆ ಪ್ರೋಗ್ರಾಮಿನ ಮೇಲೆ ‘ಎಲ್‌ಡಿಡಿ’ ಓಡಿಸಿ, ಬಂದ ಲೈಬ್ರರಿಗಳ ಪಟ್ಟಿಯನ್ನು ಬರೆದುಕೊಂಡು ಬರಬೇಕು. ಅಲ್ಲಿಯವರೆಗೆ ಇನ್ನಾವ ಫೈಲನ್ನೂ ಮುಟ್ಟಬಾರದು.