ಬೆರೆತದ್ದನ್ನು ಬಿಡಿಸುವ ಲೆಕ್ಕ

ಧಾರವಾಡದಲ್ಲಿ ಸ್ಪರ್ಧಾತ್ಮಕ ಪರೀಕ್ಷೆಗೆ ಓದುವವರಿಗೆ ಗಣಿತ ಹೇಳಿಕೊಡುವುದು ನನ್ನ ಕೆಲಸ. ಮಿಶ್ರಣದ ಲೆಕ್ಕ ಶುರುವಾದ ಕೂಡಲೇ ಹಿಂದಿನ ಬೆಂಚಿನಿಂದ ದನಿ ಬರುತ್ತದೆ: 'ಸರ್, ಶಾರ್ಟ್‌ಕಟ್ ಹೇಳ್ರಿ.' ಹೇಳುತ್ತೇನೆ, ಆದರೆ ಅದಕ್ಕಿಂತ ಮೊದಲು ಹೇಳಬೇಕಾದದ್ದು ಬೇರೆ ಇರುತ್ತದೆ.

1. ಬದಲಾಗದ ವಸ್ತು ಯಾವುದು, ಮೊದಲು ಹುಡುಕಿ.

5 ಕೆ.ಜಿ. ಕಾಫಿಪುಡಿಯಲ್ಲಿ ಶೇ 20 ಚಿಕೋರಿ ಇದೆ. ಅದನ್ನು ಶೇ 10ಕ್ಕೆ ಇಳಿಸಲು ಎಷ್ಟು ಶುದ್ಧ ಕಾಫಿಪುಡಿ ಸೇರಿಸಬೇಕು? ತರಗತಿಯಲ್ಲಿ ಮೊದಲು ಬರುವ ಉತ್ತರ ಅರ್ಧ ಕೆ.ಜಿ. ಸೇರಿಸುವುದು ಕಾಫಿ ತಾನೆ? ಚಿಕೋರಿಯನ್ನು ಯಾರೂ ಮುಟ್ಟಿಲ್ಲ. ಅದು ಆಗಲೂ 1 ಕೆ.ಜಿ., ಈಗಲೂ 1 ಕೆ.ಜಿ. ಆ ಒಂದು ಕೆ.ಜಿ. ಒಟ್ಟಿನಲ್ಲಿ ಹತ್ತರಲ್ಲೊಂದು ಪಾಲಾಗಬೇಕಿದ್ದರೆ ಒಟ್ಟು ಪುಡಿ 10 ಕೆ.ಜಿ. ಇರಬೇಕು. ಅಂದರೆ ಇನ್ನೂ 5 ಕೆ.ಜಿ. ಬೇಕು! ಸಮೀಕರಣ ಬೇಕೆಂದರೆ (5 + x) × 10/100 = 1. ಎರಡೂ ಬದಿಯಲ್ಲಿರುವುದು ಚಿಕೋರಿಯ ತೂಕ, ಬೇರೇನಲ್ಲ.

ಒಣಗಿಸುವ ಲೆಕ್ಕವೂ ಇದೇ ಜಾತಿ. ಶೇ 80 ನೀರಿರುವ 100 ಕೆ.ಜಿ. ದ್ರಾಕ್ಷಿಯನ್ನು ಶೇ 20 ನೀರು ಉಳಿಯುವಷ್ಟು ಒಣಗಿಸಿದರೆ ಸಿಗುವ ಒಣದ್ರಾಕ್ಷಿ 25 ಕೆ.ಜಿ. ನೀರಿನ ಹಿಂದೆ ಹೋದವರು 40 ಎನ್ನುತ್ತಾರೆ. ಹಣ್ಣಿನ ಗಟ್ಟಿ ಭಾಗ 20 ಕೆ.ಜಿ. ಹಾಗೇ ಇದೆ, ಅದೀಗ ಒಟ್ಟಿನ ಶೇ 80. ವಿಜಯಪುರದ ಕಡೆಯ ಹುಡುಗರು ಇದಕ್ಕೆ ಪೆನ್ನೇ ತೆಗೆಯುವುದಿಲ್ಲ.

2. ಅನುಪಾತಗಳನ್ನು ಹಾಗೇ ಕೂಡಿಸಬೇಡಿ.

ಒಂದು ಪಾತ್ರೆಯಲ್ಲಿ ಹಾಲು, ನೀರು 3:1. ಇನ್ನೊಂದರಲ್ಲಿ 5:3. ಎರಡರಿಂದಲೂ ಸಮ ಪ್ರಮಾಣ ತೆಗೆದು ಬೆರೆಸಿದರೆ? 8:4, ಅಂದರೆ 2:1 ಎಂದು ಬರೆಯುವವರೇ ಹೆಚ್ಚು. ಹಾಲಿನ ಪಾಲು ಮೊದಲನೆಯದರಲ್ಲಿ 3/4, ಎರಡನೆಯದರಲ್ಲಿ 5/8, ಸರಾಸರಿ 11/16. ಉತ್ತರ 11:5. ಹಾಗಾದರೆ 2:1 ಎಲ್ಲಿಂದ ಬಂತು? ಮೊದಲ ಪಾತ್ರೆಯಿಂದ 4 ಲೀಟರ್, ಎರಡನೆಯದರಿಂದ 8 ಲೀಟರ್ ತೆಗೆದಿದ್ದರೆ ಅದು ಸರಿಯೇ. ತಪ್ಪು ಉತ್ತರ ಯಾವ ಪ್ರಶ್ನೆಗೆ ಸರಿ ಎಂದು ಹುಡುಕಿಸಿದ ಮೇಲೆ ಆ ತಪ್ಪು ಮರುಕಳಿಸಿದ್ದು ಕಡಿಮೆ.

3. ಮಾರುವ ಬೆಲೆಯನ್ನು ನಡುವೆ ಇಡಬೇಡಿ.

ಕಿಲೋಗೆ 60 ರೂಪಾಯಿಯ ಅಕ್ಕಿ, 45 ರೂಪಾಯಿಯ ಅಕ್ಕಿ ಬೆರೆಸಿ 55ಕ್ಕೆ ಮಾರಿದಾಗ ಶೇ 10 ಲಾಭ. ಅಸಲು ಬೆಲೆ 50. ಅಲಿಗೇಶನ್ ಎಂಬ ಶಾರ್ಟ್‌ಕಟ್ಟಿನಂತೆ ಅಸಲನ್ನು ನಡುವೆ ಇಟ್ಟು, ಎರಡು ಬೆಲೆಗಳಿಗೂ ಅದಕ್ಕೂ ಇರುವ ಅಂತರವನ್ನು ಅಡ್ಡಡ್ಡ ಬರೆದರೆ (50 − 45) : (60 − 50), ಅಂದರೆ 1:2. ಅಸಲು ತೆಗೆಯದೆ 55ನ್ನೇ ಇಟ್ಟರೆ 2:1 ಬರುತ್ತದೆ. ಪೂರಾ ಉಲ್ಟಾ. ಪ್ರಶ್ನೆ ತೆಗೆಯುವವರಿಗೆ ಇದು ಗೊತ್ತು, ಆಯ್ಕೆಗಳಲ್ಲಿ ಎರಡನ್ನೂ ಕೊಟ್ಟಿರುತ್ತಾರೆ.

4. ಶಾರ್ಟ್‌ಕಟ್ಟೂ ಸಮೀಕರಣವೇ.

24 ಕ್ಯಾರೆಟ್ ಮತ್ತು 18 ಕ್ಯಾರೆಟ್ ಚಿನ್ನ ಕರಗಿಸಿ 30 ಗ್ರಾಂ 22 ಕ್ಯಾರೆಟ್ ಮಾಡಬೇಕು. ಅಡ್ಡ ಗೆರೆ ಎಳೆದರೆ 4:2. ಅಂದರೆ 20 ಗ್ರಾಂ, 10 ಗ್ರಾಂ. ತಾಳೆ ನೋಡಿ: 20 × 24 + 10 × 18 = 660 = 30 × 22. ತೂಕವನ್ನು ಗುಣಮಟ್ಟದಿಂದ ಗುಣಿಸಿ, ಕೂಡಿಸಿ, ಒಟ್ಟು ತೂಕದಿಂದ ಭಾಗಿಸುವ ಈ ಕ್ರಮ ನಮ್ಮಲ್ಲಿ ಹಳೆಯದು. ಒಂಬತ್ತನೇ ಶತಮಾನದಲ್ಲಿ, ರಾಷ್ಟ್ರಕೂಟ ಅಮೋಘವರ್ಷ ನೃಪತುಂಗನ ಕಾಲದಲ್ಲಿ, ಮಹಾವೀರಾಚಾರ್ಯ ಬರೆದ 'ಗಣಿತಸಾರಸಂಗ್ರಹ'ದಲ್ಲಿ ಮಿಶ್ರಕ ವ್ಯವಹಾರ ಎಂಬ ಅಧ್ಯಾಯವೇ ಇದೆ; ಚಿನ್ನ ಬೆರೆಸುವ ಲೆಕ್ಕಗಳು ಅದರಲ್ಲಿವೆ. ಕ್ಯಾರೆಟ್ ಬದಲು ಅಲ್ಲಿರುವುದು 'ವರ್ಣ'.

5. ಲೀಟರಿಗಿಂತ ಕಿಲೋ ನಂಬಿಕಸ್ಥ.

50 ಮಿಲಿ ಲೀಟರ್ ನೀರಿಗೆ ಅಷ್ಟೇ ಶುದ್ಧ ಆಲ್ಕೋಹಾಲ್ ಸುರಿದರೆ 100 ಆಗುವುದಿಲ್ಲ, ಕೊಂಚ ಕಡಿಮೆಯೇ. ತೂಕ ಮಾತ್ರ ಹಾಗೇ ಉಳಿಯುತ್ತದೆ. ಪರೀಕ್ಷೆಯಲ್ಲಿ ಇದನ್ನು ಯಾರೂ ಕೇಳುವುದಿಲ್ಲ. ಪಿಯುಸಿ ವಿಜ್ಞಾನ ಓದಿದ ಹುಡುಗಿಯರು ಕೇಳುತ್ತಾರೆ.

6. ತೆಗೆದು ತುಂಬುವ ಲೆಕ್ಕದಲ್ಲಿ ಕಳೆಯಬೇಡಿ, ಗುಣಿಸಿ.

ಇದನ್ನು ನೀವೇ ಮಾಡಿ ನೋಡಿ. 40 ಲೀಟರ್ ಹಾಲಿನಿಂದ 4 ಲೀಟರ್ ತೆಗೆದು ಅಷ್ಟೇ ನೀರು ಹಾಕಿ. ಚೆನ್ನಾಗಿ ಬೆರೆಸಿ ಮತ್ತೆ 4 ತೆಗೆದು ನೀರು, ಇನ್ನೊಮ್ಮೆಯೂ ಹಾಗೇ. ಉಳಿದ ಹಾಲೆಷ್ಟು? 28 ಬಂದವರು ಯೋಚಿಸಬೇಕಾದದ್ದು ಇಷ್ಟೇ: ಎರಡನೇ ಸಲ ತೆಗೆದ 4 ಲೀಟರಿನಲ್ಲಿ ನೀರೂ ಇತ್ತು. 29.16 ಬಂದವರು ಮುಂದಿನ ಅಧ್ಯಾಯಕ್ಕೆ ಹೋಗಬಹುದು.